ಕೃತಕ ಬುದ್ಧಿಮತ್ತೆಯ ತಂತ್ರಾಂಶದಲ್ಲಿ ಕಾಲ್‌ಬ್ಯಾಕ್ ದಾಖಲೆ: ಒಂದು ಆಕರವಿಮರ್ಶೆ

ಕೃತಕ ಬುದ್ಧಿಮತ್ತೆಯನ್ನು ಆಶ್ರಯಿಸಿದ ತಂತ್ರಾಂಶವು ಪ್ರಶ್ನೆಯೊಂದಕ್ಕೆ ಉತ್ತರ ಕೊಡುವಾಗ ಅದರೊಳಗೆ ಹಲವು ಘಟಕಗಳು ಕ್ರಮವಾಗಿ ಕೆಲಸ ಮಾಡುತ್ತವೆ. ಒಂದು ಘಟಕವು ಗ್ರಂಥಸಂಗ್ರಹದಿಂದ ಸಂಬಂಧಪಟ್ಟ ಭಾಗಗಳನ್ನು ಹುಡುಕಿ ತರುತ್ತದೆ. ಮತ್ತೊಂದು ಅವನ್ನು ಪ್ರಶ್ನೆಯೊಡನೆ ಸೇರಿಸಿ ಭಾಷಾಮಾದರಿಗೆ ಒಪ್ಪಿಸುತ್ತದೆ. ಭಾಷಾಮಾದರಿಯು ಉತ್ತರವನ್ನು ರಚಿಸುತ್ತದೆ. ಕೇಳಿದವನಿಗೆ ಕಾಣುವುದು ಕೊನೆಯ ಉತ್ತರವೊಂದೇ. ನಡುವಣ ವ್ಯಾಪಾರವನ್ನು ತಿಳಿಯಲು ಏರ್ಪಟ್ಟಿರುವ ಸಾಧನಗಳಲ್ಲಿ ಕಾಲ್‌ಬ್ಯಾಕ್ ಹ್ಯಾಂಡ್ಲರ್ ಎಂಬುದೊಂದು. 2022ರಲ್ಲಿ ಹ್ಯಾರಿಸನ್ ಚೇಸ್ ಅವರು ಆರಂಭಿಸಿದ ಲ್ಯಾಂಗ್‌ಚೈನ್ ಎಂಬ ಚೌಕಟ್ಟಿನಲ್ಲಿ ಅದು ಪಡೆದಿರುವ ರೂಪವನ್ನು ಇಲ್ಲಿ ಪರಿಶೀಲಿಸಲಾಗಿದೆ. ಅದು ಬರೆದಿಡುವ ದಾಖಲೆಯನ್ನು ಎಷ್ಟರಮಟ್ಟಿಗೆ ಪ್ರಮಾಣವೆಂದು ಸ್ವೀಕರಿಸಬಹುದು ಎಂಬುದೇ ಪ್ರಸ್ತುತ ಪ್ರಶ್ನೆ.

ಇದರ ಕಾರ್ಯವಿಧಾನ ಸರಳವಾದುದು. ಘಟಕವು ಕೆಲಸವನ್ನು ಆರಂಭಿಸಿದಾಗ, ಮುಗಿಸಿದಾಗ, ಇಲ್ಲವೆ ದೋಷದಿಂದ ನಿಂತಾಗ ಚೌಕಟ್ಟು ಹ್ಯಾಂಡ್ಲರನ್ನು ಕರೆದು ಆ ಸಂಗತಿಯನ್ನು ತಿಳಿಸುತ್ತದೆ. ಪ್ರತಿಯೊಂದು ಕಾರ್ಯಕ್ಕೂ ಪ್ರತ್ಯೇಕ ಗುರುತುಸಂಖ್ಯೆಯಿದೆ. ಅದನ್ನು ಪ್ರೇರಿಸಿದ ಮೇಲಿನ ಕಾರ್ಯದ ಗುರುತುಸಂಖ್ಯೆಯೂ ಜೊತೆಗೆ ಬರುತ್ತದೆ. ಇವೆರಡರ ಸಹಾಯದಿಂದ ಒಂದು ಉತ್ತರದ ವಂಶವೃಕ್ಷವನ್ನೇ ಬರೆಯಬಹುದು.

ಈ ಏರ್ಪಾಟಿನ ಪ್ರಯೋಜನವನ್ನು ಒಂದು ಕಲ್ಪಿತ ನಿದರ್ಶನದಿಂದ ತಿಳಿಯಬಹುದು. ಶ್ರೀರಂಗಪಟ್ಟಣದ ಒಪ್ಪಂದವಾದ ವರ್ಷ ಯಾವುದೆಂದು ವಿದ್ಯಾರ್ಥಿಯೊಬ್ಬನು ಕೇಳಲಾಗಿ, 1792 ಎನ್ನಬೇಕಾದ ಕಡೆ 1799 ಎಂಬ ಉತ್ತರ ಬಂದಿತೆಂದು ಭಾವಿಸೋಣ. ಹುಡುಕುವ ಘಟಕವು ಟಿಪ್ಪುವಿನ ಪತನವನ್ನು ಹೇಳುವ ಪುಟವನ್ನು ತಂದುಕೊಟ್ಟಿದ್ದರೆ ತಪ್ಪು ಹುಡುಕಾಟದ್ದು. ಒಪ್ಪಂದದ ಪುಟವನ್ನೇ ತಂದುಕೊಟ್ಟಿದ್ದರೂ ಭಾಷಾಮಾದರಿಯು 1799 ಎಂದಿದ್ದರೆ ತಪ್ಪು ಮಾದರಿಯದು. ಎರಡಕ್ಕೂ ಪರಿಹಾರ ಬೇರೆ ಬೇರೆ. ದಾಖಲೆಯಿಲ್ಲದಿದ್ದರೆ ಈ ವಿವೇಚನೆಯೇ ಅಸಾಧ್ಯ.

ಆದರೆ ಆಕರವೊಂದು ದೊರೆತೊಡನೆ ಚರಿತ್ರಕಾರನ ಕೆಲಸ ಮುಗಿಯುವುದಿಲ್ಲ. ಅದನ್ನು ಬರೆದವರಾರು, ಅವರಿಗೆ ಕಾಣದಿದ್ದುದು ಯಾವುದು ಎಂದು ಅವನು ವಿಚಾರಿಸಬೇಕು. ಇಲ್ಲಿಯೂ ಆ ವಿಚಾರಣೆ ಅವಶ್ಯಕ. ಘಟಕವನ್ನು ನಿರ್ಮಿಸುವಾಗಲೇ ಜೋಡಿಸಿದ ಹ್ಯಾಂಡ್ಲರ್ ಆ ಘಟಕವೊಂದನ್ನೇ ಗಮನಿಸುತ್ತದೆ, ಅದರ ಅಧೀನದ ಘಟಕಗಳನ್ನಲ್ಲ. ಪ್ರಶ್ನೆಯನ್ನು ಒಪ್ಪಿಸುವಾಗ ಜೋಡಿಸಿದುದು ಒಳಗಿನವಕ್ಕೂ ಹರಿಯುತ್ತದೆ. ಪೈಥಾನ್ ಭಾಷೆಯ 3.10 ಮತ್ತು ಅದಕ್ಕೆ ಹಿಂದಿನ ಆವೃತ್ತಿಗಳಲ್ಲಿ, ಅಸಿಂಕ್ರೊನಸ್ ರೀತಿಯಲ್ಲಿ ನಡೆಯುವ ಕಾರ್ಯಗಳಿಗೆ ಈ ಹರಿವು ತಾನಾಗಿ ಆಗುವುದಿಲ್ಲ. ತಂತ್ರಾಂಶ ಬರೆಯುವವನೇ ಅದನ್ನು ಒಳಕ್ಕೆ ದಾಟಿಸಬೇಕು. ಇದಲ್ಲದೆ ಹ್ಯಾಂಡ್ಲರಿನಲ್ಲಿಯೇ ದೋಷವುಂಟಾದರೆ, ಬೇರೆ ಆದೇಶವಿಲ್ಲದ ಪಕ್ಷದಲ್ಲಿ, ಚೌಕಟ್ಟು ಒಂದು ಎಚ್ಚರಿಕೆಯನ್ನು ಬರೆದು ಮುಂದೆ ಸಾಗುತ್ತದೆ. ಗಮನಿಸುವವನ ತಪ್ಪಿನಿಂದ ಮೂಲಕಾರ್ಯ ನಿಲ್ಲಬಾರದೆಂಬ ನೀತಿ ಯುಕ್ತವೇ ಸರಿ. ಆದರೂ ಅದರ ಫಲವಾಗಿ ಉತ್ತರವು ಪೂರ್ಣವಾಗಿ ಬಂದು, ದಾಖಲೆ ಮಾತ್ರ ಖಂಡಿತವಾಗಿ ಉಳಿಯಬಹುದು. ಆದುದರಿಂದ ದಾಖಲೆಯ ಮೌನವನ್ನು ಘಟನೆಯ ಅಭಾವವೆಂದು ಎಣಿಸಲಾಗದು. ಶಾಸನದಲ್ಲಿ ಹೆಸರಿಲ್ಲದ ಮಾತ್ರಕ್ಕೆ ಆ ಊರೇ ಇರಲಿಲ್ಲವೆಂದು ನಾವು ಹೇಳುವುದುಂಟೆ?

ಇನ್ನೊಂದು ಮಿತಿ ಇದಕ್ಕಿಂತ ಆಳವಾದುದು. ಹ್ಯಾಂಡ್ಲರಿಗೆ ತಿಳಿಯುವುದು ಘಟಕದ ಹೊಸ್ತಿಲಲ್ಲಿ ನಡೆದುದು ಮಾತ್ರ: ಒಳಹೋದ ಮಾತು, ಹೊರಬಂದ ಮಾತು, ಹಿಡಿದ ಕಾಲ. ಮಾದರಿಯು ಈ ಪದವನ್ನೇ ಏಕೆ ಆರಿಸಿತೆಂಬುದು ಅದರಲ್ಲಿಲ್ಲ. ಘಟನಾನುಕ್ರಮವನ್ನು ಕಾರಣವೆಂದು ಓದುವುದು ಚರಿತ್ರೆಯಲ್ಲಿ ಎಷ್ಟು ದೋಷವೋ ಇಲ್ಲಿಯೂ ಅಷ್ಟೇ ದೋಷ.

ಕಾಲೇಜುಗಳಿಗೆ ಇದು ಅನ್ಯವಾದ ವಿಷಯವಲ್ಲ. ಇಂತಹ ತಂತ್ರಾಂಶವನ್ನು ಗ್ರಂಥಾಲಯಕ್ಕೋ ಪಾಠಕ್ಕೋ ತರುವ ಸಂಸ್ಥೆಯಲ್ಲಿ, ತಪ್ಪು ಉತ್ತರದ ಹೊಣೆಯನ್ನು ನಿರ್ಧರಿಸಲು ಈ ದಾಖಲೆ ಮುಖ್ಯವಾದ ಸಾಕ್ಷಿಯಾಗುತ್ತದೆ. ವಿದ್ಯಾರ್ಥಿಯು ಬರೆದ ಪ್ರಶ್ನೆಯೂ ಅದೇ ದಾಖಲೆಯಲ್ಲಿ ಅಕ್ಷರಶಃ ಉಳಿಯಬಹುದು. ಒಮ್ಮೊಮ್ಮೆ ಅದು ಅವನ ಸ್ವಂತ ಕಷ್ಟದ ನಿವೇದನೆಯೂ ಆಗಿರಬಹುದು. ಆದಕಾರಣ ಹ್ಯಾಂಡ್ಲರನ್ನು ಎಲ್ಲಿ ಜೋಡಿಸಿದೆ, ಯಾವ ಘಟಕಗಳು ಅದರ ದೃಷ್ಟಿಯಿಂದ ಹೊರಗಿವೆ, ದಾಖಲೆಯನ್ನು ಯಾರು ಓದಬಲ್ಲರು, ಎಷ್ಟು ಕಾಲ ಇಡಲಾಗುವುದು ಎಂಬ ನಾಲ್ಕು ವಿಷಯಗಳನ್ನು ಉಪಯೋಗಕ್ಕೆ ಮುನ್ನವೇ ಬರೆಯಿಸಿ ಪಡೆಯುವುದು ಸಂಸ್ಥೆಯ ಕರ್ತವ್ಯ. ಆ ವಿವರಗಳಿದ್ದರೆ ಕಾಲ್‌ಬ್ಯಾಕ್ ದಾಖಲೆಯು ಪರೀಕ್ಷೆಗೆ ನಿಲ್ಲುವ ಆಕರವಾಗುತ್ತದೆ. ಅವಿಲ್ಲದಿದ್ದರೆ ಅದರ ಬಲದಿಂದ ಯಾರನ್ನೂ ದೋಷಿಯೆಂದಾಗಲಿ ನಿರ್ದೋಷಿಯೆಂದಾಗಲಿ ನಿರ್ಣಯಿಸುವುದು ನ್ಯಾಯವಲ್ಲ.