ಕಳ್ಳನ ಪಾತ್ರದಲ್ಲಿ ಮೊಮ್ಮಗಳು

ಬಿ. ಜಯಶ್ರೀ ಅವರ ಬಗ್ಗೆ ಬರೆಯುವವರು ಸಾಮಾನ್ಯವಾಗಿ ಎರಡು ಮಾತುಗಳಿಂದ ಶುರು ಮಾಡುತ್ತಾರೆ: ಗುಬ್ಬಿ ವೀರಣ್ಣನವರ ಮೊಮ್ಮಗಳು, ಕಂಚಿನ ಕಂಠ. ಎರಡೂ ನಿಜವೇ. ಆದರೆ ಅಷ್ಟು ಹೇಳುವಷ್ಟರಲ್ಲಿ ಲೇಖನವೂ ಮುಗಿದಿರುತ್ತದೆ. ದಶಕಗಳ ಕಾಲ ನಾಟಕ ಕಟ್ಟಿದ ನಿರ್ದೇಶಕಿ ಅಲ್ಲಿ ಕಾಣಿಸುವುದೇ ಇಲ್ಲ. ಗಂಡಸು ನಾಟಕ ಮಾಡಿಸಿದರೆ ಅದು ರಂಗದೃಷ್ಟಿ, ಹೆಂಗಸು ಮಾಡಿಸಿದರೆ ಹಾಡುಗಾರಿಕೆ. ನಮ್ಮ ರಂಗವಿಮರ್ಶೆಗೆ ಅಂಟಿದ ಹಳೆಯ ಚಾಳಿಯಿದು.

ಜಯಶ್ರೀ ಹುಟ್ಟಿದ್ದು 1950ರಲ್ಲಿ. ತಾಯಿ ಮಾಲತಮ್ಮ ಕೂಡ ನಟಿ. ಕಂಪನಿಯಲ್ಲಿ ಬಾಲನಟಿಯಾಗಿ ಬಣ್ಣ ಹಚ್ಚಿದ ಹುಡುಗಿ ಮುಂದೆ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಗೆ ಹೋಗಿ ಇಬ್ರಾಹಿಂ ಅಲ್ಕಾಜಿಯವರ ಕೈಯಲ್ಲಿ ಪಳಗಿದರು. 1976ರಲ್ಲಿ ಬೆಂಗಳೂರಿನಲ್ಲಿ 'ಸ್ಪಂದನ' ತಂಡ ಕಟ್ಟಿದರು. ಆ ಹೊತ್ತಿನ ಹವ್ಯಾಸಿ ರಂಗಭೂಮಿಗೆ ಕಂಪನಿ ನಾಟಕವೆಂದರೆ ಸ್ವಲ್ಪ ಸಸಾರ. ಅಲ್ಕಾಜಿಯವರ ಶಿಷ್ಯೆ ಆ ಸಸಾರವನ್ನು ಸುಲಭವಾಗಿ ಮೈಗೂಡಿಸಿಕೊಳ್ಳಬಹುದಿತ್ತು. ಅವರು ಹಾಗೆ ಮಾಡಲಿಲ್ಲ.

'ಸದಾರಮೆ'ಯನ್ನೇ ನೋಡಿ. ಕಂಪನಿಯ ಈ ನಾಟಕದಲ್ಲಿ ವೀರಣ್ಣನವರ ಕಳ್ಳ ಮನೆಮಾತಾಗಿದ್ದ. ಸ್ಪಂದನದ 'ಸದಾರಮೆ'ಯಲ್ಲಿ ಆ ಕಳ್ಳನ ಪಾತ್ರವನ್ನು ಜಯಶ್ರೀ ಸ್ವತಃ ವಹಿಸಿಕೊಂಡರು. ತಾತನಿಗೆ ಮೊಮ್ಮಗಳ ಕಾಣಿಕೆ ಎಂದು ಇದನ್ನು ಕೊಂಡಾಡಿದವರೇ ಹೆಚ್ಚು. ನನಗೆ ಅದು ಕಾಣಿಕೆಗಿಂತ ಹಕ್ಕುಸಾಧನೆಯಂತೆ ಕಾಣುತ್ತದೆ. ಒಂದು ಕಾಲಕ್ಕೆ ಗಂಡಸರು ಸೀರೆ ಉಟ್ಟು ನಾಯಕಿಯಾಗುತ್ತಿದ್ದ ರಂಗಕ್ಕೆ ಹೆಣ್ಣುಮಕ್ಕಳನ್ನು ಕರೆತಂದವರಲ್ಲಿ ವೀರಣ್ಣ ಪ್ರಮುಖರು. ಹಾಗೆ ಬಂದವರಿಗೆ ಸಿಕ್ಕಿದ್ದು ಬಹುಪಾಲು ನಾಯಕಿಯ ಪಾತ್ರ, ಅಳು, ಶೃಂಗಾರ. ಜನರನ್ನು ನಗಿಸುವ, ಮಾತು ಬೆಳೆಸುವ, ಪ್ರೇಕ್ಷಕರೊಂದಿಗೆ ಸಲಿಗೆಯಿಂದ ಆಡುವ ಅಧಿಕಾರ ಗಂಡಸಿನದೇ ಆಗಿತ್ತು. ಮೊಮ್ಮಗಳು ಕದ್ದದ್ದು ಆ ಅಧಿಕಾರವನ್ನು.

ಕಂಬಾರರ ಕಾದಂಬರಿ 'ಕರಿಮಾಯಿ'ಯನ್ನು ರಂಗಕ್ಕೆ ತಂದಾಗಲೂ ಇದೇ ಧೈರ್ಯ ಬೇಕಾಯಿತು. ಆ ಕಾದಂಬರಿಯಲ್ಲಿ ಶಿವಾಪುರವೆಂಬ ಊರೇ ಕಥೆ ಹೇಳುತ್ತದೆ. ಗೌಡ, ಗುಡಸೀಕರ ಎಂದು ಪಾತ್ರಗಳನ್ನು ಬಿಡಿಸಿ ನಿಲ್ಲಿಸಿದರೆ ಊರು ಕೈತಪ್ಪುತ್ತದೆ. ಜಯಶ್ರೀ ಕಥೆಯನ್ನು ಮೇಳಕ್ಕೆ, ಕುಣಿತಕ್ಕೆ ಒಪ್ಪಿಸಿದರು. ಹಾಡು ಅಲ್ಲಿ ಅಲಂಕಾರವಲ್ಲ, ಊರು ಯೋಚಿಸುವ ರೀತಿ. ಇದರ ಇನ್ನೊಂದು ಮಗ್ಗುಲನ್ನೂ ಹೇಳಬೇಕು: ಅವರ ರಂಗದ ಉತ್ಸಾಹ ಕೆಲವೊಮ್ಮೆ ಸಂಕಟಕ್ಕೆ ಕೂರಲು ಜಾಗ ಕೊಡುವುದಿಲ್ಲ. ನೋವು ಬಂದ ಕೂಡಲೇ ತಾಳ ಬಂದುಬಿಡುತ್ತದೆ.

ದನಿಯ ಕಥೆ ಬೇರೆ. ಮಾಧವಿ ಮೊದಲಾದ ನಟಿಯರಿಗೆ ಕಂಠದಾನ ಮಾಡಿದವರು ಇವರು. ಪರದೆಯ ಮೇಲೆ ಮುಖ ಇನ್ನೊಬ್ಬರದು. ಇಲ್ಲಿ ದೇವನಹಳ್ಳಿಯ ಕಾಲೇಜು ಹುಡುಗರಿಗೂ 'ನನ್ನ ಪ್ರೀತಿಯ ಹುಡುಗಿ' (2001) ಚಿತ್ರದ ಕಾರಿನ ಹಾಡು ಗೊತ್ತು, ಹಾಡಿದವರು ನಿರ್ದೇಶಕಿ ಎಂಬುದು ಗೊತ್ತಿರುವುದು ಕಡಿಮೆ. ರಂಗಾಯಣದ ಮೊದಲ ಮಹಿಳಾ ನಿರ್ದೇಶಕಿ, ರಾಜ್ಯಸಭೆಯ ಮಾಜಿ ನಾಮನಿರ್ದೇಶಿತ ಸದಸ್ಯೆ, 2013ರ ಪದ್ಮಶ್ರೀ ಎಂಬ ವಿವರಗಳು ಪರಿಚಯಪತ್ರಕ್ಕೆ ಸರಿ.

ಆತ್ಮಕಥೆ 'ಕಣ್ಣಾಮುಚ್ಚೇ ಕಾಡೇಗೂಡೇ' ಕೂಡ ಹೇಳಿ ಬರೆಸಿದ್ದು, ನಿರೂಪಣೆ ಪ್ರೀತಿ ನಾಗರಾಜ್ ಅವರದು. ಅದನ್ನು ಕೊರತೆ ಎನ್ನಲಾರೆ. ಬಾಯಿಮಾತಿನಲ್ಲೇ ಕಲಿತು ಕಲಿಸಿದವರ ಬರವಣಿಗೆ ಹೀಗೇ ಇರಬೇಕು. ಆದರೆ ಬದುಕಿನ ಕಥೆ ಪುಸ್ತಕವಾಯಿತು, ಕೆಲಸದ ಕಥೆ ಆಗಬೇಕಿದೆ. ಕಂಬಾರರ ಕಾದಂಬರಿ ಓದಲು ಸಿಗುತ್ತದೆ, ಅದು ರಂಗದ ಮೇಲೆ ಊರಾಗಿ ಎದ್ದ ಬಗೆ ಸ್ಪಂದನದ ನಟರ ನೆನಪಿನಲ್ಲಿದೆ. ರಂಗಭೂಮಿ ಓದುವ ವಿದ್ಯಾರ್ಥಿಗಳು ಒಂದೇ ಒಂದು ದೃಶ್ಯ ಆರಿಸಿಕೊಂಡು ಆ ನಟರ ಬಳಿ ಹೋಗಲಿ: ಮೇಳ ಎಲ್ಲಿ ನಿಂತಿತ್ತು, ಹಾಡು ಯಾವ ಮಾತಿಗೆ ಎತ್ತಿಕೊಂಡಿತು, ತಾಲೀಮಿನಲ್ಲಿ ಏನನ್ನು ಕೈಬಿಟ್ಟರು ಎಂದು ಕೇಳಿ ಬರೆದುಕೊಳ್ಳಲಿ.