ಕಂಠಕ್ಕೆ ಖಾಕಿ ತೊಡಿಸಿದ ಸಿನಿಮಾ

ತೊಂಬತ್ತರ ದಶಕದ ಕನ್ನಡ ಪೊಲೀಸ್ ಚಿತ್ರಗಳನ್ನು ಈಗ ನೋಡುವವರು ಹೆಚ್ಚಾಗಿ ನಗಲೆಂದೇ ಕೂರುತ್ತಾರೆ. ಗುದ್ದು ಬೀಳುವ ಮೊದಲೇ ಹಾರಿ ಬೀಳುವ ರೌಡಿ, ಖಾಲಿ ಡ್ರಮ್ಮುಗಳ ಗೋದಾಮು, ಕಥೆಗೆ ಸಂಬಂಧವೇ ಇಲ್ಲದ ಹಾಡು: ನಗುವುದಕ್ಕೆ ಸರಕು ಧಾರಾಳ. ಆದರೆ ‘ಪೊಲೀಸ್ ಸ್ಟೋರಿ’ (1996) ಹಾಕಿದರೆ ಸ್ವಲ್ಪ ಹೊತ್ತಿಗೇ ನಗುವವರ ಬಾಯಿ ಕಟ್ಟುತ್ತದೆ.

ಅದು ತೆರೆಮರೆಯವರು ಮುಂದೆ ಬಂದು ನಿಂತ ಸಿನಿಮಾ. ನಿರ್ದೇಶಕ ಥ್ರಿಲ್ಲರ್ ಮಂಜು ಮೂಲತಃ ಸಾಹಸ ನಿರ್ದೇಶಕರು. ನಾಯಕ ಸಾಯಿಕುಮಾರ್ ತೆಲುಗಿನಲ್ಲಿ ಹೆಸರು ಮಾಡಿದ್ದು ಮುಖಕ್ಕಿಂತ ಡಬ್ಬಿಂಗ್‌ನಿಂದ. 1989ರ ‘ಅಂಕುಶಂ’ನಲ್ಲಿ ಅಬ್ಬರಿಸುವ ಇನ್‌ಸ್ಪೆಕ್ಟರ್‌ನ ಮೈ ರಾಜಶೇಖರ್ ಅವರದು, ಕಂಠ ಇವರದು. ರಜನಿಕಾಂತರ ‘ಬಾಷಾ’ ತೆಲುಗಿಗೆ ಹೋದಾಗಲೂ ಗುಡುಗಿದ್ದು ಇದೇ ಕಂಠ. ಪರರ ತುಟಿಗೆ ಹೊಂದಿಕೊಂಡು ಪಳಗಿದ ಆ ದನಿಗೆ ಸ್ವಂತ ಖಾಕಿ ಕೊಟ್ಟದ್ದು ಕನ್ನಡದ ಈ ಚಿತ್ರದ ಪೊಲೀಸ್ ನಾಯಕ ಅಗ್ನಿಯ ಪಾತ್ರ.

ಅಗ್ಗದ ಸಿನಿಮಾದ ಜಾಣ ಲೆಕ್ಕ ಇಲ್ಲೇ ಇರುವುದು. ಕಾರು ಉರುಳಿಸಿದರೆ ಕಾರು ಹೋಯಿತು, ದುಡ್ಡೂ ಹೋಯಿತು. ಮುಖಕ್ಕೆ ಮುಖ ಕೊಟ್ಟು ಬೈಯುವುದಕ್ಕೆ ಒಂದು ಕೋಣೆ, ಒಂದು ಕ್ಲೋಸಪ್ ಸಾಕು. ಅಗ್ನಿಯ ಬೈಗುಳದ ಗತಿ ಗಮನಿಸಿ. ಮೊದಲು ಹಲ್ಲು ಕಚ್ಚಿದ ಕೆಳದನಿ. ಆಮೇಲೆ ಉಸಿರೇ ಎಳೆಯದವರಂತೆ ವಾಕ್ಯದ ಮೇಲೆ ವಾಕ್ಯ. ಕೊನೆಯ ಪದಕ್ಕೆ ಬರುವ ಹೊತ್ತಿಗೆ ಕತ್ತಿನ ನರ ಉಬ್ಬಿರುತ್ತದೆ, ಆದರೂ ಒಂದಕ್ಷರ ನುಂಗಿರುವುದಿಲ್ಲ. ಕಂಪನಿ ನಾಟಕದ ದುರ್ಯೋಧನನಿಗೆ ಪೊಲೀಸ್ ಟೋಪಿ ಇಟ್ಟ ಹಾಗೆ!

ಹೋಲಿಕೆಗೆ ಹೇಳುವುದಾದರೆ, ಓಂಪ್ರಕಾಶ್ ರಾವ್ ಅವರ ‘ಲಾಕಪ್ ಡೆತ್’ (1994) ನನಗೆ ಇಷ್ಟವೇ. ಅಲ್ಲಿ ದೇವರಾಜ್ ಮೈಯಿಂದ ಕೆಲಸ ತೆಗೆಯುತ್ತಾರೆ. ಅದು ಕಣ್ಣಿನ ಸಿನಿಮಾ. ಕಣ್ಣಿನ ಬೆರಗು ಬೇಗ ಹಳತಾಗುತ್ತದೆ, ಮುಂದಿನ ಚಿತ್ರದ ದೊಡ್ಡ ಸ್ಫೋಟ ಅದನ್ನು ಮಂಕು ಮಾಡಿಬಿಡುತ್ತದೆ. ಕಿವಿಗೆ ಹಿಡಿದದ್ದು ಹಾಗೆ ಬಿಡುವುದಿಲ್ಲ. ಪ್ರಿಂಟ್ ಸವೆದು ತೆರೆಯ ತುಂಬ ಗೀರು ಬಿದ್ದರೂ ಬೈಗುಳ ಹಿಂದಿನ ಸಾಲಿನವರೆಗೂ ಮುಟ್ಟುತ್ತದೆ. ಮಿಮಿಕ್ರಿ ಕಲಾವಿದರು ಇವತ್ತಿಗೂ ಸಾಯಿಕುಮಾರ್ ಅವರನ್ನು ಬಿಟ್ಟಿಲ್ಲ.

ಕಾನೂನನ್ನು ಕೈಗೆತ್ತಿಕೊಳ್ಳುವ ಪೊಲೀಸನಿಗೆ ಚಪ್ಪಾಳೆ ತಟ್ಟಿಸುವ ‘ಪೊಲೀಸ್ ಸ್ಟೋರಿ’ಯ ಚಾಳಿ ಮಾತ್ರ ಇಂದು ಗಂಟಲಲ್ಲಿ ಇಳಿಯುವುದಿಲ್ಲ. ಅದನ್ನು ಒಪ್ಪದೆಯೂ ಆ ದನಿಗೆ ತಲೆದೂಗಬಹುದು.

ನೋಡುವುದಾದರೆ ಫೋನಿನಲ್ಲಿ ಬೇಡ. ದೊಡ್ಡ ಸ್ಪೀಕರ್ ಇರುವವರ ಮನೆಗೆ ಹೋಗಿ. ಹಾಡುಗಳನ್ನು ಓಡಿಸಿ, ಬೈಗುಳ ಬಂದಾಗ ನಿಲ್ಲಿಸಿ. ಮಕ್ಕಳನ್ನು ಮಾತ್ರ ಮೊದಲೇ ಮಲಗಿಸಿಬಿಡಿ.