ಬೇಲಿಯೇ ಹೊಲ ಮೇಯ್ದಾಗ

ನೆರೆಯ ನೀರು ಹೊಸ್ತಿಲು ದಾಟುವ ವೇಳೆಯಲ್ಲಿ ಮನುಷ್ಯನ ಕೈ ಮೊದಲು ಯಾವುದರತ್ತ ಚಾಚುತ್ತದೆ? ತೊಟ್ಟಿಲ ಕೂಸಿನತ್ತಲೋ, ಪೆಟ್ಟಿಗೆಯ ಹಣದತ್ತಲೋ? ಒಬ್ಬನ ನಿಜವಾದ ನಿಧಿ ಎಲ್ಲಿದೆ ಎಂಬುದು ಆ ಒಂದು ಗಳಿಗೆಯಲ್ಲಿ ಬಯಲಾಗುತ್ತದೆ. 1998ರಲ್ಲಿ ತೆರೆಕಂಡ ‘ಹಾರ್ಡ್ ರೇನ್’ ಎಂಬ ಅಮೆರಿಕದ ಚಲನಚಿತ್ರವು ಈ ಗಳಿಗೆಯನ್ನೇ ಕಥಾವಸ್ತುವನ್ನಾಗಿ ಮಾಡಿಕೊಂಡಿದೆ. ಗ್ರಹಾಂ ಯೋಸ್ಟ್ ಬರೆದ ಈ ಚಿತ್ರವನ್ನು ನಿರ್ದೇಶಿಸಿದವರು ಮಿಕೇಲ್ ಸಾಲೊಮನ್.

ಇಂಡಿಯಾನಾ ರಾಜ್ಯದ ಹಂಟಿಂಗ್‌ಬರ್ಗ್ ಎಂಬ ಪಟ್ಟಣ ಎಡೆಬಿಡದ ಮಳೆಗೆ ಸಿಲುಕಿದೆ. ಜನರನ್ನು ತೆರವುಗೊಳಿಸಲಾಗಿದೆ, ಬೀದಿಗಳೆಲ್ಲ ಹೊಳೆಗಳಾಗಿವೆ. 30 ಲಕ್ಷ ಡಾಲರ್ ಹೊತ್ತ ಭದ್ರತಾ ವಾಹನವೊಂದು ನೀರಿನಲ್ಲಿ ನಿಂತುಬಿಡುತ್ತದೆ. ಅದರ ಕಾವಲಿಗಿದ್ದವರು ಟಾಮ್ ಎಂಬ ತರುಣ ಮತ್ತು ಅವನ ವೃದ್ಧ ಸಂಬಂಧಿ ಚಾರ್ಲಿ. ಜಿಮ್ ಎಂಬುವನ ಮುಂದಾಳುತನದ ದರೋಡೆಕೋರರು ಬರುತ್ತಾರೆ. ಗುಂಡು ಹಾರುತ್ತದೆ, ಚಾರ್ಲಿ ಸಾಯುತ್ತಾನೆ. ಟಾಮ್ ಹಣವನ್ನು ಸಮಾಧಿ ಭೂಮಿಯಲ್ಲಿ ಬಚ್ಚಿಟ್ಟು ಓಡುತ್ತಾನೆ.

ಇಷ್ಟಾದರೆ ಇದು ಕಳ್ಳ–ಪೊಲೀಸರ ಹಳೆಯ ಕಥೆಯೇ ಆಗುತ್ತಿತ್ತು. ಆದರೆ ಚಿತ್ರದ ತಿರುಳಿರುವುದು ಊರ ಷೆರಿಫ್ ಮೈಕ್ ಕಾಲಿನ್ಸ್‌ನ ಪಾತ್ರದಲ್ಲಿ. ಇತ್ತೀಚಿನ ಚುನಾವಣೆಯಲ್ಲಿ ಜನರು ಅವನನ್ನು ಸೋಲಿಸಿದ್ದಾರೆ. ಆದರೂ ಆ ರಾತ್ರಿ ಊರನ್ನು ಕಾಯುವ ಹೊಣೆ ಅವನದೇ. ಹಣದ ಸುದ್ದಿ ಕಿವಿಗೆ ಬಿದ್ದೊಡನೆ, ಇಷ್ಟು ವರ್ಷ ದುಡಿದುದಕ್ಕೆ ತನಗೇನು ಸಿಕ್ಕಿತು ಎಂಬ ಕಹಿ ಅವನೊಳಗೆ ಹೆಡೆಯೆತ್ತುತ್ತದೆ. ನೋಡುವ ಕಣ್ಣುಗಳೆಲ್ಲ ಊರು ಬಿಟ್ಟು ಹೋಗಿವೆ. ಬೇಲಿಯೇ ಎದ್ದು ಹೊಲ ಮೇಯತೊಡಗುತ್ತದೆ. ನೆರೆ ಅವನನ್ನು ಕೆಡಿಸಲಿಲ್ಲ. ಅವನೊಳಗೆ ಮೊದಲೇ ಕೆಟ್ಟಿದ್ದುದನ್ನು ಮೇಲಕ್ಕೆ ತೇಲಿಸಿತು, ಅಷ್ಟೇ. ರ‍್ಯಾಂಡಿ ಕ್ವೇಡ್ ಈ ಜಾರುವಿಕೆಯನ್ನು ಮೆಟ್ಟಿಲು ಮೆಟ್ಟಿಲಾಗಿ ತೋರಿಸಿದ್ದಾರೆ. ಚಾರ್ಲಿಯೂ ದರೋಡೆಕೋರರೊಂದಿಗೆ ಶಾಮೀಲಾಗಿದ್ದನೆಂದು ತಿಳಿದಾಗಲಂತೂ ಟಾಮ್‌ನಂತೆ ನಾವೂ ದಿಗ್ಭ್ರಾಂತರಾಗುತ್ತೇವೆ. ಕಾಯುವವರೇ ಕದ್ದರೆ ನಂಬುವುದು ಯಾರನ್ನು?

ಮತ್ತೊಂದು ಸೂಕ್ಷ್ಮವನ್ನು ಗಮನಿಸಬೇಕು. ದರೋಡೆಕೋರರಲ್ಲಿ ರೇ ಎಂಬುವನು ಮಾತುಮಾತಿಗೂ ಬೈಬಲ್ ವಾಕ್ಯಗಳನ್ನು ಉದ್ಧರಿಸುತ್ತಾನೆ. ಪ್ರೇಕ್ಷಕರು ನಗಲೆಂದು ಇಟ್ಟ ಪಾತ್ರವಿದು. ಆದರೆ ವಾಕ್ಯವು ನಾಲಗೆಯ ಮೇಲೇ ಉಳಿದು ಹೃದಯಕ್ಕೆ ಇಳಿಯದಿದ್ದರೆ ಏನಾಗುತ್ತದೆ ಎಂಬುದಕ್ಕೆ ಅವನು ಸಾಕ್ಷಿ. ನಗುತ್ತಲೇ ನಮ್ಮನ್ನು ನಾವು ತಡವಿಕೊಳ್ಳುವಂತಾಗುತ್ತದೆ.

ಇದಕ್ಕೆ ಎದುರಾಗಿ ನಿಲ್ಲುವವಳು ಕ್ಯಾರೆನ್. ಊರ ಚರ್ಚಿನ ಬಣ್ಣದ ಗಾಜಿನ ಕಿಟಕಿಗಳನ್ನು ಸರಿಪಡಿಸುವುದು ಅವಳ ಕೆಲಸ. ಎಲ್ಲರೂ ಹೊರಟುಹೋದರೂ ಅವಳು ತನ್ನ ಕೆಲಸ ಹಾಳಾಗದಂತೆ ಹೆಣಗುತ್ತಾಳೆ. ತಿಂಗಳುಗಟ್ಟಲೆ ಕೂತು ಜೋಡಿಸಿದ ಗಾಜು ಕೊನೆಗೆ ದುರಾಸೆಯ ಕಾದಾಟದಲ್ಲಿ ಚೂರುಚೂರಾಗುತ್ತದೆ. ಕಟ್ಟುವುದಕ್ಕೆ ಎಷ್ಟು ತಾಳ್ಮೆ ಬೇಕು, ಕೆಡವುವುದಕ್ಕೆ ಎಷ್ಟು ಅಲ್ಪ ಸಮಯ ಸಾಕು! ಇಡೀ ಚಿತ್ರದಲ್ಲಿ ನನ್ನನ್ನು ಕಲಕಿದ ದೃಶ್ಯವಿದು. ನಿರ್ದೇಶಕರು ಮಾತ್ರ ಅದರ ಮುಂದೆ ಒಂದು ಕ್ಷಣವೂ ನಿಲ್ಲದೆ ಮುಂದಿನ ಗುಂಡಿನ ಸದ್ದಿಗೆ ಧಾವಿಸುತ್ತಾರೆ.

ಚಿತ್ರದ ಮುಖ್ಯ ಕೊರತೆಯೂ ಇದೇ. ಸಾಲೊಮನ್ ಮೂಲತಃ ಛಾಯಾಗ್ರಾಹಕರು. 1989ರ ‘ದಿ ಅಬಿಸ್’ ಚಿತ್ರದಲ್ಲಿ ಕಡಲಾಳವನ್ನು ಸೆರೆಹಿಡಿದವರು. ವಿಮಾನಗಳ ಬೃಹತ್ ಶೆಡ್ಡಿನೊಳಗೆ ಊರನ್ನೇ ನಿರ್ಮಿಸಿ, ನೀರು ತುಂಬಿಸಿ ಚಿತ್ರಿಸಿದ ಶ್ರಮ ಮೆಚ್ಚತಕ್ಕದ್ದೇ. ನೀರೇರಿದಂತೆ ಸೆರೆಮನೆಯ ಕೋಣೆಯಲ್ಲಿ ಸಿಲುಕಿದ ಟಾಮ್‌ನ ಒದ್ದಾಟ ನೋಡುಗರ ಉಸಿರು ಬಿಗಿಹಿಡಿಸುತ್ತದೆ. ಆದರೆ ಮನೆಮಠ ಬಿಟ್ಟು ಹೋದ ಜನರು ಎಲ್ಲಿ? ಅವರ ಅಳಲೆಲ್ಲಿ? ಹೊರಡಲೊಪ್ಪದ ವೃದ್ಧ ದಂಪತಿಗಳಿಬ್ಬರನ್ನು ಬಿಟ್ಟರೆ ಊರಿಗೆ ಮುಖವೇ ಇಲ್ಲ. ಅವರೂ ಹೆಚ್ಚಾಗಿ ನಗೆಗಷ್ಟೇ ಬಳಕೆಯಾಗಿದ್ದಾರೆ. ಒಂದು ಜನಸಮುದಾಯದ ಸಂಕಟವು ಕಳ್ಳರ ಓಟಕ್ಕೆ ಬರಿಯ ಹಿನ್ನೆಲೆ ಪರದೆಯಾಗುವುದು ನೋವಿನ ಸಂಗತಿ. 2018ರ ‘ದಿ ಹರಿಕೇನ್ ಹೈಸ್ಟ್’ ಚಿತ್ರದಲ್ಲೂ ಚಂಡಮಾರುತಕ್ಕೆ ತೆರವಾದ ಊರು, ದರೋಡೆ, ಭ್ರಷ್ಟ ಷೆರಿಫ್ ಇದ್ದಾರೆ. ಅಲ್ಲೂ ಇದೇ ಕೊರತೆ.

ಪೋಷಕರಿಗೊಂದು ಮಾತು: ಹಿಂಸೆಯೂ ಹೆಣ್ಣಿನ ಮೇಲೆ ಆಕ್ರಮಣಕ್ಕೆ ಹವಣಿಸುವ ದೃಶ್ಯವೂ ಇರುವುದರಿಂದ ಇದು ಮಕ್ಕಳೊಂದಿಗೆ ನೋಡುವ ಚಿತ್ರವಲ್ಲ.

ಕೊನೆಯಲ್ಲಿ ಟಾಮ್, ಜಿಮ್‌ನನ್ನು ಹೋಗಗೊಡುತ್ತಾನೆ. ಇದು ಕ್ಷಮೆಯೋ, ಚಾರ್ಲಿಯ ಸಾವಿನ ಮರೆವೋ? ಪಶ್ಚಾತ್ತಾಪದ ಒಂದು ಮಾತೂ ಇಲ್ಲದ ಈ ಬಿಡುಗಡೆಯನ್ನು ಮನಸ್ಸು ಪೂರ್ಣವಾಗಿ ಒಪ್ಪದು. ಆದರೂ ಚಿತ್ರ ಮುಗಿದ ಮೇಲೆ ಒಂದು ಪ್ರಶ್ನೆ ನಮ್ಮೊಡನೆ ಮನೆಗೆ ಬರುತ್ತದೆ. ಮನೆ, ಶಾಲೆ, ಕಚೇರಿ, ಸಂಘದ ಲೆಕ್ಕದ ಪುಸ್ತಕ, ಹೀಗೆ ಏನನ್ನಾದರೂ ಕಾಯುವ ಹೊಣೆ ನಮ್ಮೆಲ್ಲರ ಮೇಲೂ ಇದೆ. ಯಾರೂ ನೋಡದಿರುವಾಗ ನಾವು ಬೇಲಿಯಾಗಿ ನಿಲ್ಲುತ್ತೇವೆಯೋ?